ಕಂಪ್ಯೂಟರಿನೊಳಗಿನ ಹೂಂ

2002 ಅಕ್ಟೋಬರ್ 7, ಸೋಮವಾರ

ಮುತ್ತವ್ವನ ಕಥೆಯನ್ನು ಕಂಪ್ಯೂಟರಿಗೆ ಮೊದಲು ಹೇಳಿದವಳು ನಮ್ಮ ಹನಮವ್ವ ಆಯಿ, ನನ್ನ ಅಜ್ಜಿ. ಎರಡು ವರ್ಷದ ಹಿಂದಿನ ಶ್ರಾವಣ. ಇಳಕಲ್ಲಿನಲ್ಲಿ, ಶ್ರೀಧರ ಸರ್ ಅವರ ಕಂಪ್ಯೂಟರ್ ಕ್ಲಾಸಿನಲ್ಲಿ. ಹೊರಗೆ ಮಳೆ. ಇಷ್ಟನ್ನು ಮೊದಲು ಬರೆದಿಡಬೇಕು. ಯಾರ ಕಥೆ, ಯಾವಾಗಿನದು ಎಂದು ಹೇಳದೆ ಶುರು ಮಾಡಿದರೆ ಆಯಿ ಬಯ್ಯುತ್ತಿದ್ದಳು. ಈಗ ಬಯ್ಯಲೂ ಆಗುವುದಿಲ್ಲ. ಬೇಸಿಗೆಯಲ್ಲಿ ಲಕ್ವಾ ಹೊಡೆಯಿತು. ಬಲಗೈ ಹೋಯಿತು, ಮಾತೂ ಹೋಯಿತು. ಉಳಿದದ್ದು ಒಂದೇ — ಹೂಂ. ಹಸಿವಾದರೂ ಹೂಂ, ಸಿಟ್ಟು ಬಂದರೂ ಹೂಂ. ಮನೆಯವರಿಗೆ ಮಾತ್ರ ಫರಕು ಗೊತ್ತಾಗುತ್ತದೆ.

ಇವತ್ತು ಎಂದಿನಂತೆ ಗುಡೂರಿನಿಂದ ಏಳರ ಬಸ್ಸು. ಬೆಳಗಿನ ಬ್ಯಾಚಿಗೆ ಟೈಪಿಂಗ್ ಹೇಳಿಕೊಟ್ಟೆ. ಒಂದು ಮೌಸ್ ಓಡುತ್ತಿರಲಿಲ್ಲ, ಒಳಗಿನ ಗುಂಡು ತೆಗೆದು ಒರೆಸಿ ಹಾಕಿದೆ. ಕೈ ಕೆಲಸ ಮಾಡುತ್ತಿತ್ತು, ತಲೆಯಲ್ಲಿ ನಿನ್ನೆಯ ಮಾತು.

ನಿನ್ನೆ ಬೀರಪ್ಪನ ಗುಡಿ ಕಟ್ಟೆಗೆ ನಮ್ಮೂರ ಮಹಿಳಾ ಸಂಘದ ಹೆಂಗಸರೆಲ್ಲ ಹೋಗಿದ್ದೆವು. ಮಳೆಗಾಲ ಪೂರ್ತಿ ಪ್ಲಾಸ್ಟಿಕ್ ಕೊಡ ಬೋರಲು ಹಾಕಿಕೊಂಡು ಡೊಳ್ಳಿನ ಕೈ ಕಲಿತಿದ್ದೇವೆ. ಕೊಡ ಎಷ್ಟಾದರೂ ಕೊಡವೇ. ದೀಪಾವಳಿ ಪಾಡ್ಯದ ದಿನ ಗುಡಿಯ ಮುಂದೆ ಖರೆ ಡೊಳ್ಳು ಬಾರಿಸಬೇಕೆಂದು ನಮ್ಮ ಆಸೆ. ಡೊಳ್ಳಿನ ಮೇಳದ ಹಿರಿಯ ಅಮಸಿದ್ದಪ್ಪ ಮುತ್ಯಾನನ್ನು ಕೇಳಿದೆವು. ಬಾಯಿ ತೆಗೆದವಳು ಅವನ ಸೊಸೆ ಇಂದ್ರವ್ವನೇ.

"ಹೆಣ್ಮಕ್ಕಳು ಡೊಳ್ಳು ಮುಟ್ಟಿದ್ದು ಯಾವ ಕಥಿಯೊಳಗ ಐತಿ, ತೋರಸ್ರಿ," ಅಂದ ಮುತ್ಯಾ.

"ಮುತ್ತವ್ವನ ಕಥಿಯೊಳಗ ಐತಲ್ಲ ಮುತ್ಯಾ. ಮೊದಲ ಪೆಟ್ಟು ಅಕಿನ ಕೊಟ್ಟಾಳ," ಅಂದೆ ನಾನು.

"ಅದು ಬೀಸುಕಲ್ಲಿನ ಮುಂದಿನ ಕಥಿ. ಹೆಂಗಸರು ಹೇಳೂದು, ಹೆಂಗಸರು ಹೂಂ ಅನ್ನೂದು. ಮೇಳದ ಹಿರ್ಯಾ ಒಬ್ಬಾವ ಕುಂತು ಹೂಂ ಅಂದಿದ್ರ ಅದು ಕಥಿ. ಇಲ್ಲಂದ್ರ ಬರೇ ಮಾತು."

"ಹಂಗಾರ ನೀವ ಕುಂದರ್ರಿ ಮಾವಾರ, ನಾ ಹೇಳ್ತೇನಿ," ಅಂದಳು ಇಂದ್ರವ್ವ.

"ನಿನ್ನ ಮಾತಿಗೆ ಮನ್ಯಾಗ ದಿನಾ ಹೂಂ ಅನ್ನಾಕತ್ತೇನಿ, ಅದ ಸಾಲದೇನವಾ?"

ಕಟ್ಟೆಯ ಮೇಲಿದ್ದವರೆಲ್ಲ ನಕ್ಕರು. ನಾವೂ ನಕ್ಕೆವು. ನಕ್ಕು ಸೋತೆವು.

ನಮ್ಮ ಕಡೆ ಹೂಂ ಇಲ್ಲದೆ ಕಥೆ ಮುಂದೆ ಹೋಗುವುದಿಲ್ಲ. ಹೇಳುವವರ ಎದುರು ಒಬ್ಬರು ಕೂತು ಮಾತುಮಾತಿಗೆ ಹೂಂ ಅನ್ನಬೇಕು. ಹೂಂ ಅಂದವನು ಕಥೆಗೆ ಸಾಕ್ಷಿ. ನಾಳೆ ಅವನು ನಾ ಕೇಳೇ ಇಲ್ಲ ಅನ್ನುವಂತಿಲ್ಲ. ಇದು ನಮ್ಮೂರ ರೀತಿ. ಮುತ್ಯಾ ಹಿಡಿದದ್ದು ಅದನ್ನೇ.

ಏಳುವಾಗ ಮುತ್ಯಾ ಒಂದು ಮಾತು ಸೇರಿಸಿದ. "ಹನಮವ್ವ ಹೇಳಿ, ಮೇಳದ ಹಿರ್ಯಾ ಹೂಂ ಅಂದದ್ದು ಎಲ್ಲೆರ ಇದ್ರ ತರ್ರಿ. ಡೊಳ್ಳು ನಾನ ಇಳಿಸಿ ಕೊಡ್ತೇನಿ."

ಆಯಿಗೆ ಮಾತಿಲ್ಲವೆಂದು ಗೊತ್ತಿದ್ದೇ ಆಡಿದ ಮಾತು. ಕಂಪ್ಯೂಟರಿನ ಸುದ್ದಿ ಮಾತ್ರ ಅವನಿಗೆ ತಿಳಿದಂತಿಲ್ಲ.

ಆಯಿ ಆ ಕಥೆ ಹೇಳಿದಾಗ ನಾನಿನ್ನೂ ಕ್ಲಾಸಿನ ಕೆಲಸಕ್ಕೆ ಸೇರಿರಲಿಲ್ಲ. ಆಯಿಯೇ ಹೇಳಿದ್ದಳು — "ಇಳಕಲ್ಲಾಗ ಒಂದು ಡಬ್ಬಿಗೆ ಕಥಿ ಹೇಳಿ ಬಂದೇನಿ." ಸರ್ ಊರಲ್ಲಿಲ್ಲ. ನಾಳೆ ಬರುತ್ತಾರೆ.

ಅಕ್ಟೋಬರ್ 8

"ಐತಿ, ಐತಿ. ಡಿ ಡ್ರೈವಿನ್ಯಾಗ ಐತಿ," ಅಂದರು ಸರ್. 'ಅಜ್ಜಿ' ಅಂತ ಹೆಸರು ಕೊಟ್ಟ ಫೈಲು. ತೋರಿಸಿದರು.

ಅವತ್ತು ಹೊಸ ಮೈಕ್ ತಂದಿದ್ದರಂತೆ. ಮಳೆಗೆ ಬಸ್ಸಿನ ಜನರೆಲ್ಲ ಕ್ಲಾಸಿನ ಪಡಸಾಲೆಗೆ ಬಂದು ನಿಂತರು. ಆಯಿ ಮೈಕ್ ನೋಡಿ, "ಇದಕ್ಕ ಕಿವಿ ಐತೇನು?" ಅಂದಳಂತೆ. ಐತಿ ಅಂದಿದ್ದೇ ತಡ, ಕೂತು ಇಡೀ ಕಥೆ ಹೇಳಿಯೇ ಎದ್ದಳು.

"ಹೂಂ ಅಂದವರು ಯಾರು ಸರ್?"

"ಯಾರೋ ತಲಿಗೆ ಪಟಗಾ ಸುತ್ತಿದ ಹಿರ್ಯಾರು. ಮಗ್ಗುಲಕ್ಕ ಕುಂತಿದ್ರು. ನಿಮ್ಮೂರಾವ್ರ ಇರಬೇಕು."

ಎದೆ ಡೊಳ್ಳಾಯಿತು. ಮೇಳದ ಹಿರಿಯರು ಮೂವರೇ. ಆ ಪಟಗಾ ಮೂವರಲ್ಲಿ ಒಬ್ಬರದಾಗಿದ್ದರೆ...

ಡಬಲ್ ಕ್ಲಿಕ್ ಮಾಡಿದೆ. ಟಣ್ ಅಂತ ಸದ್ದು. ಪರದೆಯ ನಡುವೆ ಒಂದು ಬೂದು ಚೌಕ — ಬೇಕಾದ ಡಿಎಲ್‌ಎಲ್ ಫೈಲು ಸಿಗುತ್ತಿಲ್ಲ.

ಸರ್ ತಲೆ ಕೆರೆದುಕೊಂಡರು. ಆಗ ಡಿಸ್ಕ್ ಚಿಕ್ಕದು, ದನಿಯ ಫೈಲು ದೊಡ್ಡದು. ಪತ್ರಿಕೆಯೊಂದರ ಜೊತೆ ಬಂದ ಸೀಡಿಯಲ್ಲಿದ್ದ ಸಣ್ಣ ಪ್ರೋಗ್ರಾಂ ಹಾಕಿ ಅದನ್ನು ಕುಗ್ಗಿಸಿ ಇಟ್ಟಿದ್ದರು. ಪ್ರೋಗ್ರಾಂ ಇದೆ, ಆಯಿಯ ಫೈಲೂ ಇದೆ. ದನಿಯನ್ನು ಬಿಚ್ಚುವ ಡಿಎಲ್‌ಎಲ್ ಇಲ್ಲ. ಹೋದ ತಿಂಗಳು ಜಾಗ ಸಾಲದೆ ಹಾಡು ಕೇಳುವ ಬೇರೊಂದು ಪ್ರೋಗ್ರಾಂ ತೆಗೆದಿದ್ದರು. ತೆಗೆಯುವಾಗ ಕಂಪ್ಯೂಟರ್ ಕೇಳಿತ್ತಂತೆ — ಈ ಫೈಲು ಹಂಚಿಕೊಂಡದ್ದು, ಈಗ ಯಾರೂ ಬಳಸುವಂತೆ ಕಾಣುವುದಿಲ್ಲ, ತೆಗೆಯಲೇ? ಸರ್ 'ಎಲ್ಲಕ್ಕೂ ಎಸ್' ಒತ್ತಿದರು.

ನಮ್ಮ ಗುಡಿಯಲ್ಲಿ ಊರ ಕೊಪ್ಪರಿಗೆ ಇದೆ. ಯಾರ ಮನೆಯಲ್ಲಿ ಲಗ್ನವೋ ಅವರು ಒಯ್ದು, ಅನ್ನ ಬೇಯಿಸಿ, ತೊಳೆದು ತಂದಿಡುತ್ತಾರೆ. ಒಬ್ಬರದಲ್ಲ, ಎಲ್ಲರದು. ಡಿಎಲ್‌ಎಲ್ ಅಂದರೂ ಅದೇ. ದನಿ ಬೇಯಿಸುವ ಕೊಪ್ಪರಿಗೆ. ಈ ವರ್ಷ ಲಗ್ನ ಕಾಣುವುದಿಲ್ಲ, ಗುಜರಿಗೆ ಹಾಕಲೇ ಎಂದು ಕಂಪ್ಯೂಟರ್ ಕೇಳಿತು. ಸರ್ ಬೇರೆಲ್ಲೋ ನೋಡುತ್ತ ಹೂಂ ಅಂದರು.

ಅಕ್ಟೋಬರ್ 10, ಗುರುವಾರ

ಮೂಲ ಸೀಡಿ ಸಿಕ್ಕಿತು. ಕ್ಲಾಸಿಗೆ ಅಂಟಿಕೊಂಡ ಸರ್ ಮನೆಯ ಹಿತ್ತಲಲ್ಲಿ. ಪಪ್ಪಾಯಿ ಗಿಡದಲ್ಲಿ ದಾರಕ್ಕೆ ತೂಗುತ್ತ, ಬಿಸಿಲಿಗೆ ಫಳಫಳ ಹೊಳೆಯುತ್ತ.

"ಹೊಳೀತಿತ್ತಂತ ಕಟ್ಟಿದ್ನಿ," ಅಂದರು ಸರ್ ಹೆಂಡತಿ ಮಹಾನಂದಾ ವೈನಿ. "ಗಿಳಿ ಬರೂದ ಬಿಟ್ಟಾವ ನೋಡ್ರಿ."

ಸರ್ ದಾರ ಬಿಚ್ಚಿದರು. ವೈನಿಯನ್ನು ಬಯ್ಯುವಂತಿರಲಿಲ್ಲ. ಕೊಪ್ಪರಿಗೆ ಮಾರಿದವರು ಅವರೇ. ಸೀಡಿ ಒರೆಸಿ ಹಾಕಿದೆವು. ಡ್ರೈವು ಗುರ್ ಅಂತು, ಗುರ್ ಅಂತು, ಉಗುಳಿಬಿಟ್ಟಿತು.

ಇಂಟರ್ನೆಟ್ಟಿನಲ್ಲೂ ಹುಡುಕಿದೆವು. ಫೋನ್ ಲೈನು ಕಿರುಗುಟ್ಟಿ, ಅರ್ಧ ಇಳಿಸಿ, ಕಡಿದುಕೊಂಡಿತು. ಮತ್ತೆ ಹಚ್ಚಿದರೆ ಮತ್ತೆ ಅರ್ಧ.

ಊಟದ ಹೊತ್ತಿಗೆ ಸರ್‌ಗೆ ನೆನಪಾಯಿತು. ಆ ಪ್ರೋಗ್ರಾಮನ್ನು ಆಗ ಇಬ್ಬರು ಗೆಳೆಯರಿಗೆ ಕೊಟ್ಟಿದ್ದರು. ಗುಳೇದಗುಡ್ಡದ ವೀರೇಶ, ಬಾದಾಮಿಯ ಫೋಟೊಗ್ರಾಫರ್ ಖಾದರಬಾಷಾ. ಬಾದಾಮಿಗೆ ಫೋನ್ ಹಚ್ಚಿದೆವು, ಯಾರೂ ಎತ್ತಲಿಲ್ಲ. ಮದುವೆ ಫೋಟೊಗೆ ಹೋಗಿರಬೇಕು. ವೀರೇಶ ಎತ್ತಿದ. "ಐತ್ರಿ, ಬರ್ರಿ," ಅಂದ. ಆದರೆ ದಸರೆ ಮುಗಿಯಲಿ ಎಂದ. ಕುಪ್ಪಸದ ಖಣದ ಗಿರಾಕಿಗಳು ಮೈಮೇಲೆ ಬಿದ್ದಿದ್ದಾರೆ.

ಅಕ್ಟೋಬರ್ 15, ದಸರೆ

ಬನ್ನಿ ಕೊಡಲು ಅಮಸಿದ್ದಪ್ಪ ಮುತ್ಯಾ ಮನೆಗೆ ಬಂದ. ಆಯಿಯ ಎಡಗೈಗೆ ಎಲೆ ಕೊಟ್ಟು ಕಾಲು ಮುಟ್ಟಿದ. ಅವನಿಗೂ ಎಪ್ಪತ್ತಾಗಿದೆ, ಆಯಿ ಅದಕ್ಕೂ ಹಿರಿಯಳು. ಕೆಟ್ಟ ಮನುಷ್ಯನಲ್ಲ. ಬಂದಾಗಲೆಲ್ಲ ಅವಳ ಹಾಸಿಗೆ ಪಕ್ಕ ಕೂತು ಊರ ಸುದ್ದಿ ಹೇಳುತ್ತಾನೆ. ಅವಳು ಹೂಂ ಅನ್ನುತ್ತಾಳೆ.

ಹೋಗುವಾಗ ನನ್ನ ಕೈಗೂ ಎಲೆ ಇಟ್ಟ. "ಬಂಗಾರ ತಗೊ, ಬಂಗಾರದಂಗ ಇರು. ಡೊಳ್ಳು ಮಾತ್ರ ಕೇಳಬ್ಯಾಡ."

"ತಡಿ ಮುತ್ಯಾ. ಕಥಿ ಇನ್ನೂ ಮುಗಿದಿಲ್ಲ," ಅಂದೆ.

ಅಕ್ಟೋಬರ್ 18, ಶುಕ್ರವಾರ

ಗುಳೇದಗುಡ್ಡ. ಓಣಿಯುದ್ದಕ್ಕೂ ಮಗ್ಗದ ಸದ್ದು, ಅದರ ನಡುವೆ ವೀರೇಶನ ಕೋಣೆ. ಪರದೆಯ ಮೇಲೆ ಖಣದ ಹೂವು ಬಿಡಿಸುತ್ತಿದ್ದ. ಡಿಎಲ್‌ಎಲ್ ಸಿಕ್ಕಿತು. ಅದೇ ಹೆಸರು, ಅಕ್ಷರ ಅಕ್ಷರ ಅದೇ. ಫ್ಲಾಪಿಗೆ ಹಾಕಿಕೊಂಡು ಹಾರುತ್ತ ಬಂದೆ. ಬಸ್ಸಿನಲ್ಲಿ ಕೂತು ಮೊಣಕಾಲಿನ ಮೇಲೆ ಡೊಳ್ಳಿನ ಕೈ ಬಾರಿಸಿದೆ. ಪಕ್ಕದವರು ಸರಿದು ಕೂತರು.

ಇಳಕಲ್ಲಿನಲ್ಲಿ ಸಿಸ್ಟಂ ಫೋಲ್ಡರಿಗೆ ಹಾಕಿ ಡಬಲ್ ಕ್ಲಿಕ್. ಈಗ ಬೇರೆ ಬೂದು ಚೌಕ. ಫೈಲು ಸಿಕ್ಕಿದೆ, ಆದರೆ ಅದರಲ್ಲಿ ಇರಬೇಕಾದದ್ದು ಇಲ್ಲವಂತೆ.

ವೀರೇಶ ಈ ವರ್ಷ ಹೊಸ ಆವೃತ್ತಿ ಹಾಕಿಕೊಂಡಿದ್ದ. ಹೊಸದು ಹಳೆಯದರ ಹೆಸರಿನಲ್ಲೇ ಹಳೆಯದರ ಮೇಲೆ ಕೂತಿತ್ತು.

ಸರ್ ನನ್ನನ್ನು ಒಳಗೆ ಮಗ್ಗದ ಹತ್ತಿರ ಕರೆದೊಯ್ದರು. ವೈನಿ ಸೀರೆಯ ಮೈಗೆ ಸೆರಗಿನ ಎಳೆಗಳನ್ನು ಕೊಂಡಿ ಹಾಕಿ ಕೂಡಿಸುತ್ತಿದ್ದರು. ಒಂದೊಂದು ಎಳೆಗೆ ಒಂದೊಂದು ಕುಣಿಕೆ.

"ನೋಡವಾ ಜಯಶ್ರೀ, ಮೈ ಬ್ಯಾರೆ, ಸೆರಗು ಬ್ಯಾರೆ. ಕೊಂಡಿ ಕೂಡಿದ್ರ ಸೀರಿ. ಇದೇ ಬಣ್ಣದ ಇನ್ನೊಂದು ಸೆರಗು ತಂದ್ರ ಕೂಡ್ತದೇನು? ಎಳಿ ಲೆಕ್ಕ ತಪ್ಪಿದ್ರ ಇಲ್ಲ. ಪ್ರೋಗ್ರಾಂ ಹಳೇ ಕೊಂಡಿ ಹುಡಕಾಕತ್ತೈತಿ."

"ಮಗ್ಗದ ಮಾತು, ಕಂಪ್ಯೂಟರಿನ ಮಾತು, ಎರಡೂ ಕಲ್ತೀರಿ," ಅಂದರು ವೈನಿ, ಎಳೆಯಿಂದ ಕಣ್ಣು ತೆಗೆಯದೆ. "ಅವತ್ತ ಆ ಗುಂಡಿ ಒತ್ತುವಾಗ ಎಲ್ಲಿ ಇಟ್ಟಿದ್ರಿ ಈ ಶ್ಯಾಣ್ಯಾತನ?"

ಅಕ್ಟೋಬರ್ 20, ಭಾನುವಾರ

ಮುತ್ಯಾ ಕರೆಸಿದ. 28ರ ಸೋಮವಾರ ಗುಡಿಯ ಡೊಳ್ಳುಗಳನ್ನು ಇಳಿಸಿ ಹಗ್ಗ ಬಿಗಿಯುವ ದಿನ. ಯಾರ ಹೆಗಲಿಗೆ ಎಂದು ಅದಕ್ಕೆ ಮೊದಲೇ ಗೊತ್ತಾಗಬೇಕು. ಅಳತೆ ನೋಡಿ ಪಟ್ಟಿ ಕಟ್ಟಬೇಕು.

"ಭಾನುವಾರ ತನಕ ಟೈಮ್ ಐತಿ. ಕಂಪ್ಯೂಟರಿನ್ಯಾಗ ಏನೋ ಐತಂತಲ್ಲ, ಇಂದ್ರವ್ವ ಹೇಳಿದ್ಲು."

"ಕ್ಯಾಸೆಟ್ಟಿಗೆ ತುಂಬಿಸಿ ಇಲ್ಲೇ ತರ್ತೇನಿ ಮುತ್ಯಾ."

"ಕ್ಯಾಸೆಟ್ ಬ್ಯಾಡ. ಕತ್ತರಿಸಿ ಕೂಡಸ್ತಾರ, ನನಗೇನ ತಿಳಿಯೂದಿಲ್ಲೇನು? ನಾವ ಬರ್ತೇವಿ. ಕಥಿ ಎಲ್ಲಿ ಹುಟ್ಟಿತ್ತೋ ಅಲ್ಲೇ ಕೇಳಬೇಕು. ಹನಮವ್ವನ್ನೂ ಕರ್ಕೊಂಡ ಬಾ. ಅಕಿ ಮಾರಿ ನೋಡ್ಕೋತ ಕೇಳ್ತೇನಿ."

ಸರಿ ಅಂದುಬಿಟ್ಟೆ. ಕೇಳಿಸಲು ಏನೂ ಇಲ್ಲ ಎಂದು ಹೇಳಲಿಲ್ಲ.

ಸಂಜೆ ಕೊಡ ಬಾರಿಸಲು ಅರ್ಧ ಜನವೂ ಬರಲಿಲ್ಲ. ಇಂದ್ರವ್ವ ಬಂದಿದ್ದಳು. "ಯಾಕ ಮಾರಿ ಇಳಿಬಿಟ್ಟಿ? ಬೇಕಂದ್ರ ಭಾನುವಾರ ತನಕ ಮಾವಗ ಉಪ್ಪಿಲ್ಲದ ಸಾರು ಹಾಕ್ತೇನಿ. ಆದ್ರ ಡೊಳ್ಳು ಸಾರಿನಿಂದ ಬಂತಂತ ಆಗಬಾರದು."

ಖರೆ. ಡೊಳ್ಳು ಹಾಗೆ ಬರಬಾರದು.

ಅಕ್ಟೋಬರ್ 24, ಗುರುವಾರ

ಬಾದಾಮಿ. ಖಾದರಬಾಷಾ ಕಡೆಗೂ ಸಿಕ್ಕರು. ಬಸ್‌ಸ್ಟ್ಯಾಂಡಿನ ಎದುರು ಫೋಟೊ ಸ್ಟುಡಿಯೊ, ಅದರಲ್ಲೇ ಕ್ಯಾಸೆಟ್ ಅಂಗಡಿ, ಮೂಲೆಯಲ್ಲಿ ಹಳದಿಗಟ್ಟಿದ ಕಂಪ್ಯೂಟರ್. ಅದರ ಮೇಲೆ ಕಸೂತಿ ಹಾಕಿದ ಬಟ್ಟೆ.

"ಇದಕ್ಕ ನಾ ಹೊಸಾದು ಏನೂ ಹಾಕಿಲ್ಲ ಬೇಟಿ," ಅಂದರು. "ಮಂದಿ ನಗ್ತಾರ. ನಗಲಿ. ಓಡೂ ಬಂಡಿಗೆ ಯಾಕ ಗಾಲಿ ಬದಲಸಬೇಕು?"

ಹುಡುಕಿದೆ. ಇತ್ತು. ಅದೇ ಹೆಸರು. ತಾರೀಖು ನೋಡಿದೆ — 1998. ಹಳೆಯದೇ. ತಾರೀಖನ್ನು ಇನ್ನೊಮ್ಮೆ ಓದಿದೆ.

"ಒಂದು ಫ್ಲಾಪಿ ನಂಬಬ್ಯಾಡ. ಎರಡಕ್ಕ ಹಾಕ್ಕೊ. ಸ್ಪೀಕರ್ ಬಾಜೂಕ ಇಡಬ್ಯಾಡ, ಅದರೊಳಗ ಲೋಹಚುಂಬಕ ಇರ್ತದ." ಒಂದನ್ನು ಅವರೇ ಫೋಟೊ ಕಾಗದದ ಕಪ್ಪು ಕವರಿನಲ್ಲಿ ಸುತ್ತಿ ಕೊಟ್ಟರು. ಇದೆಲ್ಲ ಯಾತಕ್ಕೆ ಎಂದು ಕೇಳಿದರು. ಹೇಳಿದೆ. "ಡೊಳ್ಳು ಸಿಕ್ಕ ದಿನಾ ಹೇಳಿ ಕಳಸು. ಕ್ಯಾಮರಾ ತಗೊಂಡು ಬರ್ತೇನಿ," ಅಂದರು.

ಬಸ್ಸು ಇಳಕಲ್ಲು ಮುಟ್ಟುವ ಹೊತ್ತಿಗೆ ಕ್ಲಾಸಿಗೆ ಬೀಗ. ಫ್ಲಾಪಿಗಳು ಈಗ ನನ್ನ ದಿಂಬಿನ ಪಕ್ಕ ಇವೆ.

ಅಕ್ಟೋಬರ್ 25, ಶುಕ್ರವಾರ

ಮೊದಲ ಫ್ಲಾಪಿ ಓದಲಿಲ್ಲ. ಕಟಕಟ ಅಂತ ಹಲ್ಲು ಕಡಿಯಿತು. ಸರ್ ನನ್ನ ಮುಖ ನೋಡಿದರು. ನಾನು ಅವರ ಮುಖ ನೋಡಲಿಲ್ಲ.

ಎರಡನೆಯದು ಓದಿತು.

ಸಿಸ್ಟಂ ಫೋಲ್ಡರಿನಿಂದ ವೀರೇಶನದನ್ನು ತೆಗೆದು ಇದನ್ನು ಇಟ್ಟೆ. ಕಂಪ್ಯೂಟರ್ ಆರಿಸಿ ಹಚ್ಚಿದೆವು. ಡಬಲ್ ಕ್ಲಿಕ್.

ಬೂದು ಚೌಕ ಬರಲಿಲ್ಲ.

ಮೊದಲು ಮಳೆ ಬಂತು. ಸ್ಪೀಕರಿನಿಂದ ಸೋ ಅಂತ ಮಳೆ. ಹಿಂದೆ ಮಗ್ಗದ ಸದ್ದು, ಯಾರೋ ಕೆಮ್ಮಿದ್ದು. ಆಮೇಲೆ ಅವಳು — "ಶುರು ಮಾಡ್ಲೇನಪಾ?" ಬೇಸಿಗೆಯಿಂದ ಕೇಳದಿದ್ದ ದನಿ. ಒರಟು, ಸುಣ್ಣ-ಎಲೆಯ ದನಿ. ಕುರ್ಚಿಯ ಮೇಲೆ ಕೂತಿದ್ದೆ, ಯಾವಾಗ ಎದ್ದು ನಿಂತೆನೋ ಗೊತ್ತಿಲ್ಲ. ಒಳಗೆ ವೈನಿಯ ಮಗ್ಗ ನಿಂತಿತು.

"ಹೂಂ," ಅಂತು ಇನ್ನೊಂದು ದನಿ.

ಮೂಗಿನಲ್ಲಿ ಹುಟ್ಟಿ ಎದೆಗೆ ಇಳಿಯುವ ಹೂಂ. ಮೂವರು ಹಿರಿಯರಲ್ಲಿ ಇಂಥ ಹೂಂ ಒಬ್ಬನದೇ. ಇಡೀ ಊರು ಕಣ್ಣು ಮುಚ್ಚಿ ಗುರುತಿಸೀತು. ಅಮಸಿದ್ದಪ್ಪ ಮುತ್ಯಾನದು.

ಅಷ್ಟರಲ್ಲಿ ಕರೆಂಟು ಹೋಯಿತು. ಪೂರ್ತಿ ಕೇಳಲಾಗಲಿಲ್ಲ. ಆದರೂ ಸಾಕು. ನಗುತ್ತ ಬಸ್ ಹತ್ತಿದೆ. ಅರ್ಧ ದಾರಿಯಲ್ಲಿ ನಗು ನಿಂತಿತು. ಹೂಂ ಅಂದವನೇ ಹೂಂ ಅಂದಿಲ್ಲ ಅಂತಿದ್ದಾನೆ. ಮರೆತಿದ್ದಾನೋ, ಮರೆತಂತೆ ಮಾಡುತ್ತಿದ್ದಾನೋ? ಭಾನುವಾರ ಅವನೇನು ಹೇಳಬಹುದು...

ಅಕ್ಟೋಬರ್ 27, ಭಾನುವಾರ, ಸಂಜೆ

ಒಂದೊಂದಾ ಬರೆಯಬೇಕು. ಅವಸರ ಮಾಡಬಾರದು.

ಟ್ರ್ಯಾಕ್ಟರಿನಲ್ಲಿ ಹೋದೆವು. ನಡುವೆ ಗಾದಿ ಹಾಸಿ ಆಯಿಯನ್ನು ಕೂರಿಸಿದ್ದೆವು. ಸುತ್ತ ಸಂಘದ ಹೆಂಗಸರು, ಹಿಂದೆ ಮೇಳದ ಹಿರಿಯರು. ಮುತ್ಯಾನ ಜೊತೆಯ ಹುಚ್ಚಪ್ಪಜ್ಜ ಕೈಯಲ್ಲಿ ಭಂಡಾರದ ಚೀಲ ಹಿಡಿದಿದ್ದ.

ಕ್ಲಾಸಿನ ಬಾಗಿಲಲ್ಲಿ ಬೋರ್ಡು — ಚಪ್ಪಲಿ ಹೊರಗೆ ಬಿಡಿ. ಹಿರಿಯರಿಗೆ ಭಾಳ ಸೇರಿತು. "ಗುಡಿ ಇದ್ದಂಗ ಐತಲ್ಲೋ," ಅಂದ ಹುಚ್ಚಪ್ಪಜ್ಜ. ಒಳಗೆ ಬಂದವನೇ ಕಂಪ್ಯೂಟರಿನ ಮೇಲೆ ಭಂಡಾರ ತೂರಲು ಮುಷ್ಟಿ ಎತ್ತಿದ. ಸರ್ ಅಡ್ಡ ಬಂದು ಹಳದಿ ಪುಡಿಯನ್ನೆಲ್ಲ ತಮ್ಮ ಬಿಳಿ ಅಂಗಿಯ ಮೇಲೆ ತೆಗೆದುಕೊಂಡರು.

"ಅಜ್ಜಾರ, ಒಳಗ ಹೋದ್ರ ಕೆಡ್ತದರಿ."

"ಭಂಡಾರದಿಂದ ಕೆಟ್ಟಿದ್ದು ನಾ ನೋಡಿಲ್ಲಪಾ. ಇರಲಿ, ನಿನಗ ಬಿತ್ತಲ್ಲ, ನಿನಗ ಚಲೋ ಆಗ್ಲಿ."

ಆಯಿಯನ್ನು ಕಂಪ್ಯೂಟರಿನ ಎದುರು ಕೂರಿಸಿದೆವು. ಮುತ್ಯಾ ಅವಳ ಮುಖ ಕಾಣುವಂತೆ ಕೂತ. ಹಚ್ಚಿದೆ.

ಮಳೆ. ಮಗ್ಗ. "ಶುರು ಮಾಡ್ಲೇನಪಾ?"

ಎಲ್ಲರೂ ಒಮ್ಮೆಲೇ ಆಯಿಯ ಕಡೆ ತಿರುಗಿದರು. ಅವಳ ತುಟಿ ಅಲುಗಿರಲಿಲ್ಲ. ಕಣ್ಣು ಮಾತ್ರ ದೊಡ್ಡದಾಗಿತ್ತು.

"ಮಲಪ್ರಭಾ ಹೊಳಿಗೆ ನೀರ ಬಂದಿತ್ತಪ್ಪ."

"ಹೂಂ."

"ಗಂಡಸರು ಸಂತಿಗೆ ಹೋದಾವ್ರು ಆಚಿ ದಂಡ್ಯಾಗ ಉಳದ್ರು."

"ಹೂಂ."

"ಈಚಿ ದಂಡ್ಯಾಗ ಕುರಿ ಹಿಂಡು. ಹಿಂಡಿಗೆ ಮುತ್ತವ್ವ ಒಬ್ಬಾಕಿ."

"ಹೂಂ."

ಹುಚ್ಚಪ್ಪಜ್ಜ ಕುತ್ತಿಗೆ ಉದ್ದ ಮಾಡಿದ. "ಅಮಸಿದ್ದಾ, ಇದು ನಿನ್ನ ಹೂಂ ಅಲ್ಲೇನೋ?"

"ನಂದಿದ್ದಂಗ ಕೇಳಸ್ತೈತಿ."

"ಇದ್ದಂಗ ಏನಲೇ? ನಿನ್ನ ಹೂಂ ಮತ್ತ್ಯಾರಿಗೆ ಕೊಟ್ಟು ಬಂದಿದ್ದಿ?"

ಮುತ್ಯಾ ಕೈ ಎತ್ತಿದ. ಸರ್ ನಿಲ್ಲಿಸಿದರು.

"ನಂದ. ಒಪ್ಪಿದೆ. ಈಗ ನೆನಪಾತು. ಮಳ್ಯಾಗ ಬಸ್ಸಿನ ದಾರಿ ಕಾಯಾಕತ್ತಿದ್ದೆ. ಲಕ್ಷ್ಯ ಎಲ್ಲಾ ರಸ್ತಾದ ಮ್ಯಾಲಿತ್ತು. ಬಸ್ ಕಾಯೋ ಮನಷ್ಯಾ ಏನ್ ಹೇಳಿದ್ರೂ ಹೂಂ ಅಂತಾನ. ಲಕ್ಷ್ಯ ಇಲ್ಲದ ಹೂಂ, ಹೂಂ ಹೆಂಗ ಆಗ್ತದ? ನೀವ ಹೇಳ್ರಿ."

ಹಿರಿಯರು ಒಬ್ಬರನ್ನೊಬ್ಬರು ನೋಡಿದರು. ಒಬ್ಬ ತಲೆಯಾಡಿಸಿದ. ಅದೂ ನ್ಯಾಯವೇ. ಇಂದ್ರವ್ವ ನನ್ನ ಕೈ ಹಿಡಿದಳು, ಉಗುರು ನಾಟುವಷ್ಟು.

"ಮುಂದ ಹಚ್ಚು," ಅಂದ ಮುತ್ಯಾ. "ಅರ್ಧಕ್ಕ ಬಿಡಬಾರದು."

ಹಚ್ಚಿದರು. ಗಾಳಿ ಎದ್ದಿತು, ಧೂಳಿನಲ್ಲಿ ದಿಕ್ಕು ತಪ್ಪಿ ಹಿಂಡು ಹೊಳೆಯ ಕಡೆ ಓಡಿತು. ಮುತ್ತವ್ವ ಕೂಗಿದಳು, ಗಾಳಿಯಲ್ಲಿ ಕೂಗು ಹಾರಿಹೋಯಿತು. ಮುಂದಿನ ಕುರಿಯ ಕಾಲು ನೀರು ಮುಟ್ಟಿತು. ಗುಡಿಸಲ ಗಳಕ್ಕೆ ಡೊಳ್ಳು ತೂಗಿತ್ತು. ಗಂಡಸರ ಡೊಳ್ಳು. ಹೆಂಗಸು ಮುಟ್ಟಿದ್ದಿಲ್ಲ.

"ಮುತ್ತವ್ವ ಡೊಳ್ಳಿನ ಕಡೆ ನೋಡಿದ್ಲು. ಕುರಿ ಕಡೆ ನೋಡಿದ್ಲು," ಅಂತು ಆಯಿಯ ದನಿ.

ಅಲ್ಲಿ ಹೂಂ ಬರಲಿಲ್ಲ. ಮಳೆಯ ಸದ್ದು ಮಾತ್ರ.

ಸ್ಪೀಕರಿನಲ್ಲಿ ಒಂದು ಹಾರ್ನ್. ದೂರದಿಂದ ಯಾರೋ ಕೂಗಿದರು — "ಗುಡೂರ ಬಸ್ ಬಂತ್ರೋ, ಬರ್ರಿ, ಬರ್ರಿ." ಕಾಲುಗಳ ಸದ್ದು. ಕುರ್ಚಿ ಎಳೆದ ಸದ್ದು.

ಆಮೇಲೆ ಮುತ್ಯಾನ ದನಿ. ಕಂಪ್ಯೂಟರಿನೊಳಗಿನ ಮುತ್ಯಾನ ದನಿ, ಗದರಿಸಿ — "ಹೋಗ್ಲಿ ಬಿಡ್ರೋ ಆ ಬಸ್ಸು. ಹನಮಕ್ಕಾ, ಕುರಿ ಏನಾದ್ವು ಅದನ್ನ ಹೇಳು. ಹೂಂ."

ಮೊದಲು ನಕ್ಕವರು ಬಾಗಿಲ ಸಂದಿಯಲ್ಲಿದ್ದ ಮಹಾನಂದಾ ವೈನಿ. ಆಮೇಲೆ ಇಡೀ ಕೋಣೆ. ಹುಚ್ಚಪ್ಪಜ್ಜ ತೊಡೆ ಬಡಿದುಕೊಂಡು ನಕ್ಕು, ಕೆಮ್ಮಿ, ಮತ್ತೆ ನಕ್ಕ. "ಅವತ್ತ ರಾಡ್ಯಾಗ ನಡಕೋತ ಬಂದು, ಬಸ್ಸಿನಾವ ನಿಂದ್ರಸಲಿಲ್ಲಂತ ಅವನ್ನ ಬೈದಿದ್ದಿಯಲ್ಲಲೇ. ಪಾಪ, ಆ ಡ್ರೈವರ ಎರಡ ವರ್ಷ ಆತು ನಿನ್ನ ಬೈಗಳ ಹೊತ್ತಾನ."

ಮುತ್ಯಾ ಪಟಗಾ ತೆಗೆದು ತೊಡೆಯ ಮೇಲೆ ಇಟ್ಟುಕೊಂಡ. ನಗಲಿಲ್ಲ. ಸ್ಪೀಕರಿನ ಕಡೆ ಬಾಗಿದ್ದ. ಕಥೆ ಓಡುತ್ತಲೇ ಇತ್ತು, ನಮ್ಮ ನಗುವಿಗೆ ಕಾಯದೆ.

"ಸ್ಸ್. ಸುಮ್ನಿರ್ರಿ. ಕುರಿ ನೀರಾಗ ಅದಾವ," ಅಂದ.

ಹುಚ್ಚಪ್ಪಜ್ಜ ಅಂಗೈಯಿಂದ ಬಾಯಿ ಮುಚ್ಚಿಕೊಂಡ.

"ಮುತ್ತವ್ವ ಡೊಳ್ಳ ಇಳಿಸಿದ್ಲಪ್ಪ. ಹೆಗಲಿಗೆ ಹಾಕಿದ್ಲು. ಮೊದಲ ಪೆಟ್ಟು ಕೊಟ್ಲು."

"ಹೂಂ," ಅಂತು ಕಂಪ್ಯೂಟರ್.

"ಹೂಂ," ಅಂದಳು ಆಯಿ. ತನ್ನ ಕಥೆಗೆ ತಾನೇ. ಉಳಿದ ಒಂದೇ ಮಾತು, ಅದನ್ನು ಎಲ್ಲಿ ಇಡಬೇಕೋ ಅಲ್ಲಿ ಇಟ್ಟಳು. ಎಡಗೈಯಿಂದ ಟೇಬಲ್ಲಿನ ಮೇಲೆ ಒಂದು ಪೆಟ್ಟು ಕೊಟ್ಟಳು. ಕೀಬೋರ್ಡು ಜಿಗಿಯಿತು.

ಮುತ್ಯಾ ಅವಳ ಮುಖ ನೋಡಿದ. ಬಹಳ ಹೊತ್ತು ನೋಡಿದ.

"ಹೂಂ," ಅಂದ.

ಕುರಿ ತಿರುಗಿದವು. ಹಿಂಡು ಹಟ್ಟಿ ಸೇರಿತು. ಆಚೆ ದಂಡೆಯ ಗಂಡಸರು ಡೊಳ್ಳಿನ ಸದ್ದು ಕೇಳಿ, ದೇವರೇ ಇಳಿದು ಬಾರಿಸುತ್ತಿದ್ದಾನೆ ಎಂದು ಕೈ ಮುಗಿದರು. ಕಥೆ ಮುಗಿಯಿತು. ಸ್ಪೀಕರಿನಲ್ಲಿ ಮಳೆಯೂ ನಿಂತಿತು.

ಮುತ್ಯಾ ಪಟಗಾ ಸುತ್ತಿಕೊಂಡು ಎದ್ದ. "ಬಸ್ ಬಿಟ್ಟು ಕೇಳಿದ ಕಥಿಗೆ ಇಲ್ಲಂದ್ರ ಬೀರಪ್ಪ ಮೆಚ್ಚೂದಿಲ್ಲ. ನಾಳೆ ಡೊಳ್ಳು ಇಳಸ್ತೇನಿ." ಬಾಗಿಲ ತನಕ ಹೋದವನು ಸರ್ ಕಡೆ ತಿರುಗಿದ. "ಮಾಸ್ತರ, ಇದಕ್ಕ ಎಲ್ಲಾ ಕೇಳಸ್ತೈತಿ ಅಂತ ಅವತ್ತ ಒಂದ ಮಾತ ಹೇಳಬೇಕಿಲ್ಲೋ?"

ಬರುವಾಗ ಟ್ರ್ಯಾಕ್ಟರಿನಲ್ಲಿ ಹೆಂಗಸರು ಬುತ್ತಿಯ ಡಬ್ಬಿ, ಕಬ್ಬಿಣದ ಪಟ್ಟಿ, ಕೈಗೆ ಸಿಕ್ಕದ್ದನ್ನು ಬಾರಿಸಿದರು. ಹಿರಿಯರು ಬೇಡ ಅನ್ನಲಿಲ್ಲ. ಹುಚ್ಚಪ್ಪಜ್ಜ ಕೈ ತಪ್ಪಿದಲ್ಲೆಲ್ಲ ತಿದ್ದುತ್ತ ಬಂದ.

ಅಕ್ಟೋಬರ್ 28, ಸೋಮವಾರ, ಬೆಳಿಗ್ಗೆ 7

ಬಸ್ಸಿಗೆ ಹೋಗಿಲ್ಲ. ಇವತ್ತು ಬಿಡಿ ಎಂದು ಸರ್‌ಗೆ ನಿನ್ನೆಯೇ ಹೇಳಿದ್ದೆ. ಮಗ್ಗ ನಿಲ್ಲಿಸಿ ವೈನಿಯನ್ನೂ ಕರೆದುಕೊಂಡು ಬರುತ್ತೇನೆ ಅಂದಿದ್ದಾರೆ. ಖಾದರಬಾಷಾಗೆ ಫೋನ್ ಮಾಡಿಸಿದ್ದೇನೆ.

ನಿನ್ನೆ ಕೇಳಿದವರು ಇವತ್ತು ಏನು ಮಾಡಿದರೆಂದು ಬರೆಯುತ್ತೇನೆ, ಅಂಗಳದಲ್ಲಿ ಕಾಣುವಷ್ಟು. ಹುಚ್ಚಪ್ಪಜ್ಜ ಗುಡಿಯಿಂದ ಡೊಳ್ಳು ಹೊತ್ತು ತಂದು ನಮ್ಮ ಕಟ್ಟೆಗೆ ಒರಗಿಸಿದ. ಮೇಳದ ಇನ್ನೊಬ್ಬ ಹಿರಿಯ ಹಗ್ಗ ನೆನೆಹಾಕಿದ. ನಿನ್ನೆ ತಲೆಯಾಡಿಸಿದ್ದವನು ಇವನೇ. ಕೊಡ ಬಾರಿಸಲು ಬರುವುದು ಬಿಟ್ಟಿದ್ದವರೆಲ್ಲ ಹಾಜರು, ಸೆರಗು ಸೊಂಟಕ್ಕೆ ಸಿಕ್ಕಿಸಿ. ಅಮಸಿದ್ದಪ್ಪ ಮುತ್ಯಾ ನೆಲಕ್ಕೆ ಕೂತು, ಬಾಯಲ್ಲಿ ದಾರ ಕಚ್ಚಿ, ಗಂಡಸರ ಪಟ್ಟಿಯನ್ನು ಹೆಂಗಸರ ಹೆಗಲಿಗೆ ಗಿಡ್ಡ ಮಾಡುತ್ತಿದ್ದಾನೆ. ಸೊಸೆಯ ಹೆಗಲಿಗೆ ಇಟ್ಟು ನೋಡಿದ, ಬಿಚ್ಚಿದ, ಮತ್ತೆ ಕಟ್ಟಿದ. "ನಿಂದು ಬರೇ ಬಾಯಿ ದೊಡ್ಡದು, ಹೆಗಲು ಸಣ್ಣದವಾ," ಅಂದ. ಇಂದ್ರವ್ವ ಅಂದಳು, "ಮಾವಾರ, ಸಾಕು, ಬಿಗದಾತು, ಬಿಡ್ರಿ."

ಆಯಿ ಮಲಗುವ ಹೊರಸನ್ನು ಹೊರಗೆ ಹಾಕಿದ್ದಾರೆ. ಮುತ್ಯಾ ಡೊಳ್ಳನ್ನು ಅವಳ ಎಡಗೈ ಮುಟ್ಟುವಂತೆ ಸರಿಸಿದ. ಕಿಟಕಿಯೊಳಗೆ ಬರೆಯುತ್ತ ಕೂತ ನನ್ನ ಕಡೆ ನೋಡಿ ಕೂಗುತ್ತಿದ್ದಾನೆ — ಏ ಜಯಶ್ರೀ, ಬರೆಯೂದು ಬಿಡು, ಹೊರಗ ಬಾ, ಅಕಿ ಕೈ ಎತ್ತ್ಯಾಳ, ನೀ ಬರೂ ತನಕ ಪೆಟ್ಟು ಕೊಡೂದಿಲ್ಲಂತ —